ಲಕ್ಷ್ಮಿಯನ್ನು "ಬಾರೆ" ಅಂತ ಕರೆಯೋ ಹಾಡು

ಶ್ರಾವಣ ಹುಣ್ಣಿಮೆಗೆ ಮುಂಚಿನ ಶುಕ್ರವಾರ ವರಮಹಾಲಕ್ಷ್ಮಿ ವ್ರತ. ಅಮೆರಿಕದಲ್ಲಿ ಅವತ್ತು ನಮಗೆಲ್ಲಾ ಆಫೀಸು, ಹಾಗಾಗಿ ಗೆಳೆಯರ ಮನೇಲಿ ಕಲಶ ಇಟ್ಟಿದ್ದು ಸಂಜೆ. ಮಂತ್ರ ಫೋನಿನಿಂದ ಬಂತು. ಕೊನೆಗೆ ಎಲ್ಲರೂ ಸೇರಿ 'ಭಾಗ್ಯದ ಲಕ್ಷ್ಮೀ ಬಾರಮ್ಮ' ಹಾಡಿದೆವು. ಇಲ್ಲೇ ಹುಟ್ಟಿದ ಒಂಬತ್ತು ವರ್ಷದ ಹುಡುಗಿ, ಇಂಗ್ಲಿಷ್ ಅಕ್ಷರದಲ್ಲಿದ್ದ ಸಾಹಿತ್ಯ ನೋಡ್ಕೊಂಡು ಪೂರ್ತಿ ಹಾಡಿ, ಅವರಮ್ಮನ್ನ ಕೇಳಿದಳು: "ಅಮ್ಮಾ, ಇದು ದುಡ್ಡು ಕೇಳೋ ಹಾಡಾ?"

ಎಲ್ಲರೂ ನಕ್ಕರು. ಯಾರೂ ಉತ್ತರ ಕೊಡಲಿಲ್ಲ, ನಾನೂ ಕೊಡಲಿಲ್ಲ. ಮನೆಗೆ ಬಂದು, ನೂರಾರು ಸಲ ಕೇಳಿದ್ದ ಹಾಡನ್ನು ಮೊದಲ ಸಲ ಕನ್ನಡದಲ್ಲಿ ಕೂತು ಓದಿದೆ.

ಮೊದಲು ಆ ಕರೆಯನ್ನೇ ನೋಡೋಣ. ಷೋಡಶೋಪಚಾರ ಪೂಜೆಯಲ್ಲಿ ಧ್ಯಾನ ಆದ ಮೇಲೆ ಆವಾಹನೆ, ಅಂದ್ರೆ ದೇವರನ್ನು ಬರಮಾಡಿಕೊಳ್ಳೋದು. ಆಮೇಲೆ ಕೂರಲು ಆಸನ, ಕಾಲು ತೊಳೆಯಲು ನೀರು. ಮನೆಗೆ ಬಂದ ನೆಂಟರಿಗೆ ಮಾಡೋ ಉಪಚಾರವೇ ಅದು. 16ನೇ ಶತಮಾನದಲ್ಲಿ ಪುರಂದರದಾಸರು ಈ ಆವಾಹನೆಯನ್ನು ಮನೆಮಾತಿಗೆ ತಂದರು. "ಬಾರಮ್ಮ" ಅಂತ ನಾವು ತಾಯಿಗೂ ಹೇಳ್ತೀವಿ, ಪುಟ್ಟ ಮಗಳಿಗೂ ಹೇಳ್ತೀವಿ. ಚರಣಗಳಲ್ಲಿ ಅದು "ಬಾರೆ" ಆಗುತ್ತೆ, ತಂಗಿಯನ್ನೋ ಗೆಳತಿಯನ್ನೋ ಕರೆದ ಹಾಗೆ. ಇಂಗ್ಲಿಷಿಗೆ ಬಂದಾಗ ಇದು "ಓ ದೇವಿ, ದಯಮಾಡಿ ಬಾ" ಆಗಿಬಿಡುತ್ತೆ. ಮೂಲದಲ್ಲಿ ಆ "ದಯಮಾಡಿ" ಇಲ್ಲ, ಸಲುಗೆ ಇದೆ. ಭೀಮಸೇನ ಜೋಶಿಯವರು ಹಾಡಿದ್ದು ಕೇಳಿ, ಬಾಗಿಲಲ್ಲಿ ನಿಂತು ಬಾಯ್ತುಂಬ ಕರೆದ ಹಾಗಿರುತ್ತೆ.

ಇನ್ನು ಬೆಣ್ಣೆ. ಮೊದಲ ಚರಣದ ಸಾಲುಗಳು ಶುರುವಾಗೋದು ಹೆಜ್ಜೆ, ಗೆಜ್ಜೆ, ಸಜ್ಜನ, ಮಜ್ಜಿಗೆ ಅನ್ನೋ ಪದಗಳಿಂದ. ಎಲ್ಲದರ ಎರಡನೇ ಅಕ್ಷರ ಜ್ಜ-ಕಾರ. ಗಟ್ಟಿಯಾಗಿ ಓದಿದ್ರೆ ಕಾಲ್ಗೆಜ್ಜೆಯ ಸದ್ದೇ ಕೇಳುತ್ತೆ. ಇಂಗ್ಲಿಷ್ ಅಕ್ಷರದಲ್ಲಿ ಒಂದು 'ಜೆ' ಬಿಟ್ಟುಹೋದ್ರೆ ಗೆಜ್ಜೆಯೂ ಹೋಯ್ತು. ಲಕ್ಷ್ಮಿ ಬರಬೇಕಾದ್ದು ಮಜ್ಜಿಗೆಯಲ್ಲಿರೋ ಬೆಣ್ಣೆಯ ಥರ. ಆದರೆ ಇಲ್ಲಿನ ಅಂಗಡಿಯ 'ಬಟರ್‌ಮಿಲ್ಕ್' ಸಾಮಾನ್ಯವಾಗಿ ಕೊಬ್ಬು ಕಡಿಮೆ ಇರೋ ಹಾಲನ್ನು ಹುಳಿ ಬರಿಸಿ ಮಾಡಿದ್ದು. ಅದನ್ನು ನೋಡಿ ಬೆಳೆದ ಮಗುವಿಗೆ ಈ ಹೋಲಿಕೆ ಹೇಗೆ ಅರ್ಥ ಆಗಬೇಕು? ಕೆನೆಮೊಸರನ್ನು ಕಡೆಗೋಲಿನಿಂದ ಕಡೆಯುವಾಗ ಬೆಣ್ಣೆ ಹೊರಗಿನಿಂದ ಬರಲ್ಲ. ಒಳಗಿದ್ದದ್ದೇ ತೇಲಿ ಬರುತ್ತೆ, ಅದೂ ತೋಳು ನೋಯುವಷ್ಟು ಕಡೆದ ಮೇಲೆ.

ಹಾಗಾದ್ರೆ "ಇದು ದುಡ್ಡಿನ ಹಾಡಲ್ಲ, ಬರೀ ಅಧ್ಯಾತ್ಮ" ಅಂತ ಆ ಹುಡುಗಿಗೆ ಹೇಳಿ ಕೈ ತೊಳ್ಕೋಬಹುದಾ? ನನಗೆ ಒಪ್ಪಿಗೆ ಇಲ್ಲ. ಹಾಡಿನಲ್ಲಿ ಚಿನ್ನದ ಮಳೆ ಇದೆ, ಸಕ್ಕರೆ-ತುಪ್ಪದ ಕಾಲುವೆ ಇದೆ. ಎಣಿಕೆಗೆ ಸಿಗದ ಭಾಗ್ಯದ ಮಾತೂ ಇದೆ. ದಿನವಿಡೀ ಡೇಟಾ ಎಣಿಸೋ ನನಗೆ ಅಲ್ಲಿ ಸಣ್ಣ ನಗು ಬರುತ್ತೆ. ಸಂಪ್ರದಾಯದ ಕಥೆಯ ಪ್ರಕಾರ ದಾಸರು ದೊಡ್ಡ ವ್ಯಾಪಾರಿ, ಇದ್ದದ್ದೆಲ್ಲ ದಾನ ಮಾಡಿ ತಂಬೂರಿ ಹಿಡಿದವರು. ಕೊಟ್ಟವರೇ ಮತ್ತೆ ಯಾಕೆ ಕೇಳ್ತಾರೆ? ನನಗನಿಸೋದು, ಇಲ್ಲಿ ಕೇಳ್ತಿರೋದು ಶುಕ್ರವಾರ ದೀಪ ಹಚ್ಚೋ ಒಂದು ಸಂಸಾರ. ಆ ಮನೆಗೆ ತುಪ್ಪ ಬೇಕು. ಬೇಕು ಅಂತ ಹೇಳೋಕೆ ಹಾಡಿಗೆ ನಾಚಿಕೆ ಇಲ್ಲ.

ನನ್ನನ್ನು ಹಿಡಿದು ನಿಲ್ಲಿಸಿದ್ದು ಮೂರನೇ ಚರಣ. ಲಕ್ಷ್ಮಿಯನ್ನು ಚಂಚಲೆ ಅಂತಾರೆ, ಒಂದು ಕಡೆ ನಿಲ್ಲೋಳಲ್ಲ. ಅವಳನ್ನು ಹಾಡು ಅತ್ತಿತ್ತ ಕದಲದೆ ಭಕ್ತರ ಮನೇಲೇ ಇರು ಅಂತ ಕೇಳುತ್ತೆ. ಅವಳನ್ನು ಹುಡುಕ್ಕೊಂಡು ಮನೆ ಬಿಟ್ಟು ಇಷ್ಟು ದೂರ ಬಂದವರು ನಾವು. ಕದಲಬೇಡ ಅಂತ ಅವಳಿಗೆ ಹೇಳುವಾಗ ನನಗೆ ಸ್ವಲ್ಪ ಗಂಟಲು ಕಟ್ಟುತ್ತೆ.

ಹೌದು ಪುಟ್ಟಾ, ಇದು ದುಡ್ಡೂ ಕೇಳೋ ಹಾಡು. ಅದಕ್ಕಿಂತ ಮೊದಲು ಒಬ್ಬರನ್ನು ಮನೆಗೆ ಕರೆಯೋ ಹಾಡು. ಮುಂದಿನ ವರ್ಷ ಪೂಜೆಗೆ ಮುಂಚೆ ಒಂದು ಬಾಟಲಿಗೆ ಹೆವಿ ಕ್ರೀಮ್ ಹಾಕಿ, ಮುಚ್ಚಳ ಬಿಗಿ ಮಾಡಿ ನಿನ್ನ ಕೈಗೆ ಕೊಡ್ತೀನಿ. ಬೆಣ್ಣೆ ಬರೋವರೆಗೂ ಕುಲುಕು. ಆಮೇಲೆ ಹಾಡೋಣ.