ನೊಗದ ಭಾರ ಬಲ್ಲ ಕ್ಯಾಮೆರಾ

ಹೈಲೆ ಗೆರಿಮಾ ಅವರ ‘ಹಾರ್ವೆಸ್ಟ್: 3000 ಇಯರ್ಸ್’ (1976) ಚಿತ್ರಕ್ಕೆ ಯಾವ ಅವಸರವೂ ಇಲ್ಲ. ಇಥಿಯೋಪಿಯಾದ ಒಂದು ಒಕ್ಕಲು ಕುಟುಂಬ ನಸುಕಿಗೇ ಎದ್ದು, ದೇವರಿಗೆ ಕೈಮುಗಿದು ಹೊಲಕ್ಕಿಳಿಯುತ್ತದೆ. ಎತ್ತು ಹೂಡುತ್ತಾರೆ, ಉಳುತ್ತಾರೆ, ಮತ್ತೂ ಉಳುತ್ತಾರೆ. ಜಮೀನ್ದಾರ ಎತ್ತರದಲ್ಲಿ ಕುರ್ಚಿ ಹಾಕಿಕೊಂಡು ಕೂತು ಬೈಯುತ್ತಲೇ ಇರುತ್ತಾನೆ. ಎರಡೂವರೆ ಗಂಟೆಯ ಈ ಕಪ್ಪು-ಬಿಳುಪು ಚಿತ್ರ ನೋಡುತ್ತಾ ನಮ್ಮ ಹೆಗಲೂ ನೋಯತೊಡಗುತ್ತದೆ. ಹೊಳೆಗೆ ಸಿಕ್ಕ ದನವನ್ನು ಉಳಿಸಲು ಹೋಗಿ ಮನೆಮಗಳು ಪ್ರಾಣ ಬಿಟ್ಟಾಗ ಯಾರೂ ವ್ಯವಸ್ಥೆಯ ವಿವರಣೆ ಕೊಡುವುದಿಲ್ಲ. ಕೊಡಬೇಕಾಗಿಯೂ ಇಲ್ಲ. ಭೂಮಿ ಕಳೆದುಕೊಂಡು ಹುಚ್ಚನೆನಿಸಿಕೊಂಡ ಕೆಬೆಬೆ ಕೊನೆಗೆ ಧಣಿಯನ್ನು ಹೊಡೆದು ಕೊಲ್ಲುವ ಹೊತ್ತಿಗೆ ಆ ಏಟಿನ ಹಿಂದಿನ ಶತಮಾನಗಳನ್ನು ನಾವು ಮೈಯಲ್ಲೇ ಅರಿತಿರುತ್ತೇವೆ.

1974ರಲ್ಲಿ ಚಕ್ರವರ್ತಿ ಹೈಲೆ ಸೆಲಾಸಿಯ ಆಳ್ವಿಕೆ ಕುಸಿಯುತ್ತಿದ್ದಾಗ, ವೃತ್ತಿನಟರಲ್ಲದ ಜನರನ್ನು ಕಟ್ಟಿಕೊಂಡು, ಎರಡೇ ವಾರಗಳ ಆಸುಪಾಸಿನಲ್ಲಿ ಚಿತ್ರೀಕರಿಸಿದ್ದು ಇದು. 1946ರಲ್ಲಿ ಗೊಂಡರ್‌ನಲ್ಲಿ ಹುಟ್ಟಿದ ಗೆರಿಮಾ ಆಗ ಲಾಸ್ ಏಂಜಲೀಸ್‌ನಲ್ಲಿ ಸಿನಿಮಾ ಕಲಿಯುತ್ತಿದ್ದರು. ಅಲ್ಲೇ ಮಾಡಿದ ‘ಬುಷ್ ಮಾಮಾ’ದಲ್ಲಿ ಬಡ ಕಪ್ಪು ತಾಯಿಯೊಬ್ಬಳ ಒಡಲುರಿ ಇದೆ.

ಅವರಿಗೆ ದೊಡ್ಡ ಹೆಸರು ತಂದದ್ದು ‘ಸಂಕೋಫಾ’ (1993). ಘಾನಾದ ಕೇಪ್ ಕೋಸ್ಟ್ ಕೋಟೆಯಲ್ಲಿ ಫೋಟೋಗೆ ನಿಂತ ಮಾಡೆಲ್ ಒಬ್ಬಳು ಅಮೆರಿಕದ ತೋಟವೊಂದರ ಗುಲಾಮಳಾಗಿ ಕಣ್ಣು ತೆರೆಯುತ್ತಾಳೆ. ಚಿತ್ರ ಸುಡುತ್ತದೆ, ನಿಜ. ಆದರೂ ನನಗೆ ಅಲ್ಲಲ್ಲಿ ಮಾತು ಜಾಸ್ತಿಯಾಯಿತು ಅನ್ನಿಸುತ್ತದೆ. ‘ಹಾರ್ವೆಸ್ಟ್’ನಲ್ಲಿ ಮೌನಕ್ಕೆ ಬಿಟ್ಟಿದ್ದನ್ನು ಇಲ್ಲಿ ಪಾತ್ರಗಳು ಬಾಯಿಬಿಟ್ಟು ಹೇಳುತ್ತವೆ. ಹಾಗೆಂದು ಈ ಚಿತ್ರದ ತೂಕ ಕಡಿಮೆಯಲ್ಲ. ಹಂಚಿಕೆದಾರರು ಕೈಯೆತ್ತಿದಾಗ ಗೆರಿಮಾ ತಾವೇ ಚಿತ್ರಮಂದಿರಗಳನ್ನು ಬಾಡಿಗೆಗೆ ಹಿಡಿದರು. ಕಪ್ಪು ಸಮುದಾಯದವರು ಬಾಯಿಂದ ಬಾಯಿಗೆ ಸುದ್ದಿ ಮುಟ್ಟಿಸಿ ಊರೂರಲ್ಲಿ ಮಂದಿರ ತುಂಬಿಸಿದರು. ತಮ್ಮ ಕತೆ ತಮ್ಮ ಕೈಯಲ್ಲೇ ಇರಬೇಕು ಎಂಬ ಹಟ ಗೆರಿಮಾ ಅವರಿಗೆ ಸಿನಿಮಾದಷ್ಟೇ ಮುಖ್ಯ. ವಾಷಿಂಗ್ಟನ್‌ನಲ್ಲಿ ತಾವು ದಶಕಗಳ ಕಾಲ ಪಾಠ ಹೇಳಿದ ಹೋವರ್ಡ್ ವಿಶ್ವವಿದ್ಯಾಲಯದ ಎದುರಿಗೇ, ಪತ್ನಿ ಶಿರಿಕಿಯಾನಾ ಐನಾ ಜೊತೆ ಸಂಕೋಫಾ ಹೆಸರಿನ ಪುಸ್ತಕದಂಗಡಿ ತೆರೆದದ್ದೂ ಅದೇ ಹಟದಿಂದ.

‘ತೆಜಾ’ (2008) ವೆನಿಸ್‌ನಲ್ಲಿ ವಿಶೇಷ ಜ್ಯೂರಿ ಪ್ರಶಸ್ತಿ ಪಡೆಯಿತು. ಜರ್ಮನಿಯಲ್ಲಿ ಓದಿ, ಚಕ್ರವರ್ತಿಯನ್ನು ಇಳಿಸಿದ ಕ್ರಾಂತಿಯನ್ನು ನಂಬಿ, ಒಂದು ಕಾಲು ಕಳೆದುಕೊಂಡು ಹಳ್ಳಿಗೆ ಮರಳುವ ಅನ್ಬೆರ್ಬರ್‌ನ ಕತೆ ಅದು. ಹಿಂದೆ ಧಣಿ ಕೂತಿದ್ದ ಜಾಗದಲ್ಲಿ ಈಗ ಕ್ರಾಂತಿಯ ಹೆಸರಿನ ಸರ್ಕಾರವೇ ಕೂತಿದೆ. ತಾವು ನೆಚ್ಚಿದ ಕನಸನ್ನೇ ಹೀಗೆ ಕಟಕಟೆಗೆ ತರುವ ಎದೆಗಾರಿಕೆಯಲ್ಲಿ ಗೆರಿಮಾರ ಹಳೆಯ ತಾಳ್ಮೆ ಮರಳಿದೆ. ಬಲವಂತದ ಸೈನ್ಯಭರ್ತಿಗೆ ಹೆದರಿದ ಹುಡುಗರು ಗುಹೆಯಲ್ಲಿ ಅಡಗುತ್ತಾರೆ. ಕೆಳಗೆ ಊರು, ತಾನಾ ಸರೋವರದ ನೀರು ಎಲ್ಲ ಇದೆ. ಮನೆಗೆ ಹೋಗುವಂತಿಲ್ಲ.