ಯಾರ ಪಾಲಿಗೆ ಗುಟ್ಟು?

1943ರ ಮಾರ್ಚ್ 9ರ ರಾತ್ರಿ ಗೋವಾದ ಮರ್ಮಗೋವಾ ಬಂದರಿನಲ್ಲಿ ಮೂರು ಜರ್ಮನ್ ಹಡಗು, ಒಂದು ಇಟಲಿಯ ಹಡಗು ಹೊತ್ತಿ ಉರಿದು ಮುಳುಗಿದವು. ಗೋವಾ ಆಗ ಪೋರ್ಚುಗೀಸರದು. ಪೋರ್ಚುಗಲ್ ಯುದ್ಧದಲ್ಲಿ ತಟಸ್ಥ. ನಾವಿಕರೇ ಬೆಂಕಿ ಇಟ್ಟರು ಎಂಬಲ್ಲಿಗೆ ಮಾತು ನಿಂತಿತ್ತು.

ಏಕೆ ಇಟ್ಟರು ಎಂಬುದನ್ನು 1978ರಲ್ಲಿ ಜೇಮ್ಸ್ ಲೀಸರ್ ‘ಬೋರ್ಡಿಂಗ್ ಪಾರ್ಟಿ’ಯಲ್ಲಿ ಬಿಚ್ಚಿಟ್ಟರು. ಕಲ್ಕತ್ತಾ ಲೈಟ್ ಹಾರ್ಸ್ ಎಂಬ ಹವ್ಯಾಸಿ ಪಡೆಯ ನಡುವಯಸ್ಸಿನ ಬ್ರಿಟಿಷರು ‘ಫೀಬಿ’ ಎಂಬ ಬಾರ್ಜಿನಲ್ಲಿ ಬಂದು ‘ಎಹ್ರೆನ್‌ಫೆಲ್ಸ್’ ಹತ್ತಿದ್ದರು. ಅದರ ಕಪ್ತಾನ ಸತ್ತ. 1980ರಲ್ಲಿ ಇದೇ ಕತೆ ‘ದಿ ಸೀ ವುಲ್ವ್ಸ್’ ಸಿನಿಮಾ ಆಯಿತು.

ಪುಸ್ತಕ ಓದಿಸಿಕೊಂಡು ಹೋಗುತ್ತದೆ. ನನ್ನ ತಕರಾರು ಅದು ನಿಂತ ಜಾಗದ ಬಗ್ಗೆ. ಕತೆಯ ಕಣ್ಣು ಬಾರ್ಜಿನಲ್ಲೇ ಇದೆ. ದಡದ ಗೋವಾದವರು ಬರೀ ಹಿನ್ನೆಲೆ. ತಟಸ್ಥ ನೆಲದ ಮೇಲಿನ ದಾಳಿ ವಯಸ್ಸಾದವರ ಹುಡುಗಾಟದಂತೆ ಕಾಣುತ್ತದೆ.

ಆಳಂದ, ಅಫಜಲಪುರ, ಜೇವರ್ಗಿಯ ಹಿರಿಯರಿಂದ 1948ರ ನೆನಪುಗಳನ್ನು ಬರೆದುಕೊಳ್ಳುತ್ತಿರುವ ನನಗೆ ಇದು ಸಣ್ಣ ಸಂಗತಿಯಲ್ಲ. ಹೈದರಾಬಾದ್ ಪೊಲೀಸ್ ಕಾರ್ಯಾಚರಣೆಯ ನಂತರದ ಹಿಂಸೆಯನ್ನು ದಾಖಲಿಸಿದ ಸುಂದರ್‌ಲಾಲ್ ಸಮಿತಿಯ ವರದಿ, ಹೆಚ್ಚು ನೊಂದ ಜಿಲ್ಲೆಗಳಲ್ಲಿ ಕಲಬುರಗಿಯನ್ನೂ ಹೆಸರಿಸಿತ್ತು. ಸರಕಾರ ಅದನ್ನು ದಶಕಗಟ್ಟಲೆ ಪ್ರಕಟಿಸಲಿಲ್ಲ. ಹೊರಗಿನ ಓದುಗರಿಗೆ ಅದು ಗುಟ್ಟು, ಇಲ್ಲಿನ ಮನೆಗಳಿಗಲ್ಲ.

ಗೋವಾದ ಘಟನೆಯೂ ಹಡಗು ಹತ್ತಿದವರು ಬಾಯಿಬಿಟ್ಟ ಮೇಲಷ್ಟೇ ಇತಿಹಾಸವಾಯಿತು. ‘ಗುಟ್ಟು ರಟ್ಟಾಯಿತು’ ಎನ್ನುವ ಪುಸ್ತಕ ಕೈಗೆ ಬಂದಾಗ ಮೊದಲು ಕೇಳಬೇಕಾದ್ದು ಇಷ್ಟೇ: ದಡದಲ್ಲಿದ್ದವರನ್ನು ಯಾರಾದರೂ ಮಾತಾಡಿಸಿದ್ದರೇ?