ಲಗೂ ಒಗಿ ಅನ್ನುವ ಮೊದಲು

ಏಪ್ರಿಲ್ ಬಂತೆಂದರೆ ಯಾದಗಿರಿ, ಶಹಾಪುರ, ಸುರಪುರದ ಮನೆಗಳಲ್ಲಿ ಮಧ್ಯಾಹ್ನದ ಊಟವಾದ ಮೇಲೆ ಮಕ್ಕಳನ್ನು ಹೊರಗೆ ಬಿಡುವುದಿಲ್ಲ. ಬಿಸಿಲು 40 ಡಿಗ್ರಿ ದಾಟಿ ನಿಂತಿರುತ್ತದೆ. ಬೆಂಗಳೂರು, ಪುಣೆ, ಹೈದರಾಬಾದಿನಿಂದ ರಜೆಗೆ ಬಂದ ಮಕ್ಕಳು, ಊರಲ್ಲೇ ಇರುವ ಮಕ್ಕಳು, ಕಾಕಾ, ಚಿಗವ್ವ, ಆಯಿ ಎಲ್ಲರೂ ಪಡಸಾಲೆಯ ಪರಸಿಯ ಮೇಲೆ ಕೂಡುತ್ತಾರೆ. ಶಹಾಬಾದಿನ ಆ ಕಲ್ಲು ತಂಪು, ನುಣುಪು. ಇಸ್ಪೀಟಿನ ಎಲೆ ಒಗೆದರೆ ಜಾರಿಕೊಂಡು ಹೋಗಿ ನಡುವೆ ನಿಲ್ಲುತ್ತದೆ. ಅಲ್ಲಿ ಆಡುವ ಇಸ್ಪೀಟಿನ ಆಟಗಳಲ್ಲಿ ಎಲ್ಲಕ್ಕಿಂತ ಬಿರುಸಿನದು ಕತ್ತೆ ಆಟ.

ಚದುರಂಗವನ್ನು ಬುದ್ಧಿಯ ಆಟವೆಂದು ಹೇಳಿಕೊಡುತ್ತೇವೆ. ಕತ್ತೆಯನ್ನು ಹೊತ್ತು ಕಳೆಯುವ ಆಟವೆಂದು ಬಿಟ್ಟುಬಿಟ್ಟಿದ್ದೇವೆ. ಇದು ತಪ್ಪು ಅಂದಾಜು. ಮನೆಮಂದಿಯೆಲ್ಲ ಒಟ್ಟಿಗೆ ಕೂತು ಆಡುವ ಎಲೆಯಾಟಗಳಲ್ಲಿ ನೆನಪು, ಲೆಕ್ಕ, ಎದುರಿನವರನ್ನು ಓದುವ ಕಣ್ಣು ಈ ಮೂರನ್ನೂ ಇಷ್ಟು ಬೇಗ ಬೆಳೆಸುವ ಆಟ ಇನ್ನೊಂದಿಲ್ಲವೆಂದು ನನ್ನ ನಂಬಿಕೆ. ಆದರೆ ನಮ್ಮ ಮನೆಗಳು ಇದನ್ನು ಕಲಿಸುವ ರೀತಿ ಆಟದ ಸತ್ವಕ್ಕೇ ಎದುರಾಗಿದೆ. ಆಟದ ನಿಜವಾದ ವೇಗ ತಲೆಯಲ್ಲಿದೆ, ನಾವು ಮಕ್ಕಳಿಗೆ ಕಲಿಸುತ್ತಿರುವುದು ಕೈಯ ವೇಗ.

ನಿಯಮ ಸರಳ. 52 ಎಲೆಗಳನ್ನೂ ಹಂಚಬೇಕು. ನಾಲ್ಕು ಜನರಿದ್ದರೆ ತಲೆಗೆ 13. ಇಸ್ಪೀಟ್ ಎಕ್ಕ ಬಂದವರು ಅದನ್ನೇ ಇಳಿಸಿ ಆಟ ಶುರು ಮಾಡುತ್ತಾರೆ. ಉಳಿದವರು ಅದೇ ಜಾತಿಯ ಎಲೆ ಹಾಕಬೇಕು. ಎಲ್ಲರೂ ಹಾಕಿದರೆ ಆ ಎಲೆಗಳು ಆಟದಿಂದ ಹೊರಗೆ ಹೋಗುತ್ತವೆ, ದೊಡ್ಡ ಎಲೆ ಹಾಕಿದವರು ಮುಂದಿನ ಸುತ್ತು ಆರಂಭಿಸುತ್ತಾರೆ. ಯಾರ ಹತ್ತಿರವಾದರೂ ಆ ಜಾತಿ ಇಲ್ಲದಿದ್ದರೆ ಅವರು ಬೇರೆ ಜಾತಿಯ ಎಲೆಯಿಂದ ಹೊಡೆಯುತ್ತಾರೆ. ಹೊಡೆತ ಬಿದ್ದ ಕೂಡಲೇ ಸುತ್ತು ನಿಲ್ಲುತ್ತದೆ. ಅಲ್ಲಿಯವರೆಗೆ ಆ ಜಾತಿಯಲ್ಲಿ ದೊಡ್ಡ ಎಲೆ ಹಾಕಿದವರು ಕೆಳಗೆ ಬಿದ್ದ ಎಲ್ಲ ಎಲೆಗಳನ್ನೂ ಎತ್ತಿಕೊಂಡು ತಾವೇ ಮುಂದಿನ ಸುತ್ತು ಶುರು ಮಾಡಬೇಕು. ಬಹಳ ಮನೆಗಳಲ್ಲಿ ಮೊದಲ ಸುತ್ತಿಗೆ ಮಾತ್ರ ಈ ಹೊಡೆತದಿಂದ ವಿನಾಯಿತಿ ಇರುತ್ತದೆ. ಕೈ ಖಾಲಿ ಮಾಡಿದವರು ಗೆದ್ದು ಹೊರಗೆ. ಕೊನೆಗೆ ಎಲೆ ಹಿಡಿದು ಕೂತವರು ಕತ್ತೆ.

ಇಷ್ಟನ್ನು ಎಂಟು ವರ್ಷದ ಮಗುವಿಗೂ ಹೇಳಿ ಮುಗಿಸಬಹುದು. ಆಟದ ಆಳ ಇದರ ಕೆಳಗಿದೆ. ಬದಾಮ್ ಎಕ್ಕ ನಿಮ್ಮ ಕೈಯಲ್ಲಿದೆ ಅಂದುಕೊಳ್ಳಿ. ಬದಾಮಿನ ಮೊದಲ ಸುತ್ತಿನಲ್ಲಿ ಎಲ್ಲರ ಹತ್ತಿರವೂ ಆ ಜಾತಿ ಇರುವ ಸಂಭವವೇ ಹೆಚ್ಚು. ಆಗ ಇಳಿಸಿದರೆ ಎಕ್ಕ ಸುಖವಾಗಿ ಹೊರಗೆ ಹೋಗುತ್ತದೆ. ಅದನ್ನೇ ಜೋಪಾನ ಮಾಡಿ ಇಟ್ಟುಕೊಂಡಿರಿ, ಅಷ್ಟರಲ್ಲಿ ಬದಾಮಿನ ಮೂರು ಸುತ್ತು ಪೂರಾ ಆದವು. ಹೋದ ಎಲೆ 12, ಉಳಿದದ್ದು ಒಂದು, ಅದು ನಿಮ್ಮ ಎಕ್ಕ. ಈಗ ಅದನ್ನು ಇಳಿಸಿದರೆ ಹೊಡೆತ ತಪ್ಪಿದ್ದಲ್ಲ. ಆರಂಭದಲ್ಲಿ ಬಲವಾಗಿದ್ದ ಎಲೆಯೇ ಕೊನೆಯಲ್ಲಿ ಹೊರೆ. ಬೇರೆ ಬಹಳ ಆಟಗಳಲ್ಲಿ ದೊಡ್ಡ ಎಲೆ ಬಂದರೆ ಖುಷಿಪಡಬೇಕು. ಇಲ್ಲಿ ಯಾವ ಗಳಿಗೆಯಲ್ಲಿ ಬಿಟ್ಟುಕೊಡಬೇಕೆಂದು ಯೋಚಿಸಬೇಕು. ಮಗುವಿಗೆ ಇದು ಅರ್ಥವಾದ ದಿನ ಆಟದ ಬಾಗಿಲು ತೆರೆದಂತೆ.

ಇನ್ನೊಂದು ಸಂದರ್ಭ ನೋಡಿ. ಹುಡುಗಿ, ಅವಳ ಪಕ್ಕ ಕಾಕಾ, ಆಮೇಲೆ ಚಿಗವ್ವ, ಕೊನೆಗೆ ಆಯಿ, ಈ ಸಾಲಿನಲ್ಲಿ ಕೂತಿದ್ದಾರೆ. ಸ್ವಲ್ಪ ಹೊತ್ತಿನ ಹಿಂದೆ ಹುಡುಗಿ ಚೌಕಟ್ ಏಳು ಹಾಕಿದ್ದಳು. ಕಾಕಾ ರಾಜ ಹಾಕಿದರು, ಚಿಗವ್ವ ಚೌಕಟ್ ಇಲ್ಲದೆ ಬೇರೆ ಎಲೆಯಿಂದ ಹೊಡೆದಳು, ಕಾಕಾ ಎಲ್ಲವನ್ನೂ ಎತ್ತಿಕೊಂಡರು. ಈಗ ಮತ್ತೆ ಹುಡುಗಿಯ ಸರದಿ ಬಂದಿದೆ, ಅವಳ ಕೈಯಲ್ಲಿ ಚೌಕಟ್ ಎರಡು ಇದೆ. ಅದನ್ನು ಇಳಿಸಿದರೆ ಏಳು, ರಾಜ ಕೈಯಲ್ಲಿರುವ ಕಾಕಾ ಚೌಕಟ್ ಹಾಕಲೇಬೇಕು, ಯಾವುದನ್ನು ಹಾಕಿದರೂ ಅದು ಹುಡುಗಿಯ ಎಲೆಗಿಂತ ದೊಡ್ಡದು. ಮುಂದಿನವಳು ಚಿಗವ್ವ, ಅವಳ ಹತ್ತಿರ ಚೌಕಟ್ ಇಲ್ಲ. ಹೊಡೆತ ಕಾಕಾನಿಗೇ. ಯಾವ ಎಲೆ ಯಾರ ಕೈಗೆ ಹೋಯಿತು, ಯಾವ ಜಾತಿ ಯಾರಲ್ಲಿ ಮುಗಿಯಿತು, ಯಾರು ಯಾರ ಪಕ್ಕ ಕೂತಿದ್ದಾರೆ ಎಂಬ ಮೂರು ಸಂಗತಿಗಳನ್ನು ಸೇರಿಸಿ ಆ ಹುಡುಗಿ ಮನೆಯ ಹಿರಿಯ ಆಟಗಾರನನ್ನು ಹಿಡಿದಳು. ಅದೃಷ್ಟ ಹಂಚುವಾಗ ಇತ್ತು, ಈ ಗೆಲುವು ಅವಳದು.

ಎಲೆಯಾಟದಲ್ಲಿ ಕೌಶಲ ಎಲ್ಲಿದೆ ಎಂಬ ಪ್ರಶ್ನೆ ಸುಪ್ರೀಂ ಕೋರ್ಟಿನವರೆಗೂ ಹೋಗಿದೆ. ಸಿಕಂದರಾಬಾದಿನ ಒಂದು ಕ್ಲಬ್ಬಿನ ಮೇಲೆ ಹೈದರಾಬಾದಿನ ಹಳೆಯ ಜೂಜು ಕಾಯ್ದೆಯಡಿ ನಡೆದ ಮೊಕದ್ದಮೆಯಲ್ಲಿ 1967ರಲ್ಲಿ ತೀರ್ಪು ಬಂತು. ಯಾದಗಿರಿ, ಶಹಾಪುರ, ಸುರಪುರ ಕೂಡ 1956ರ ನವೆಂಬರ್ 1ಕ್ಕೆ ಮೊದಲು ಅದೇ ಹೈದರಾಬಾದ್ ರಾಜ್ಯದಲ್ಲಿದ್ದ ಊರುಗಳು. ರಮ್ಮಿಯಲ್ಲಿ ಬಿದ್ದ ಎಲೆಗಳನ್ನು ನೆನಪಿಡಬೇಕು, ಯಾವುದನ್ನು ಇಟ್ಟುಕೊಳ್ಳಬೇಕು ಯಾವುದನ್ನು ಬಿಡಬೇಕೆಂದು ತಿಳಿದಿರಬೇಕು, ಆದ್ದರಿಂದ ಅದು ಮುಖ್ಯವಾಗಿ ಕೌಶಲದ ಆಟ, ಮೂರೆಲೆಯ ಹಾಗೆ ಬರೀ ಅದೃಷ್ಟದ್ದಲ್ಲ ಎಂಬುದು ಆ ತೀರ್ಪಿನ ತಿರುಳು. ಈ ಅಳತೆಗೋಲನ್ನು ಕತ್ತೆ ಆಟಕ್ಕೆ ಹಿಡಿದರೆ ಅದು ಸಲೀಸಾಗಿ ಪಾಸಾಗುತ್ತದೆ. ಇಲ್ಲಿ ಎತ್ತಿಕೊಂಡ ಎಲೆಗಳನ್ನು ಎಲ್ಲರೂ ಕಣ್ಣಾರೆ ಕಂಡಿರುತ್ತಾರೆ, ಆದ್ದರಿಂದ ನೆನಪಿಟ್ಟವರಿಗೆ ಸಿಗುವ ಲಾಭ ಇನ್ನೂ ದೊಡ್ಡದು.

ನೆನಪಿನ ಈ ಗೌರವ ನಮ್ಮ ನೆಲಕ್ಕೆ ಹೊಸದೇನೂ ಅಲ್ಲ. ಇಂಗ್ಲಿಷ್ ಇಸ್ಪೀಟು ಬರುವ ಮೊದಲು ಈ ದೇಶದಲ್ಲಿ ಗಂಜೀಫ ಇತ್ತು. 1527ರಲ್ಲಿ ಬಾಬರ್ ಸಿಂಧ್‌ನ ಶಾ ಹಸನನಿಗೆ ಗಂಜೀಫ ಕಳಿಸಿದ ವಿಷಯ ಬಾಬರ್‌ನಾಮಾದಲ್ಲಿ ಬರುತ್ತದೆ. ಮೊಗಲ್ ಗಂಜೀಫದಲ್ಲಿ 8 ಜಾತಿ, 96 ದುಂಡನೆಯ ಎಲೆಗಳು. ದಶಾವತಾರ ಗಂಜೀಫದಲ್ಲಿ 10 ಜಾತಿ, 120 ಎಲೆಗಳು. ಅರ್ಧ ಜಾತಿಗಳಲ್ಲಿ ರಾಜ, ಮಂತ್ರಿಯ ನಂತರ ಹತ್ತು ದೊಡ್ಡದು, ಉಳಿದರ್ಧದಲ್ಲಿ ಒಂದು ದೊಡ್ಡದು. ಮೈಸೂರಿನ ಮುಮ್ಮಡಿ ಕೃಷ್ಣರಾಜ ಒಡೆಯರು (1794–1868) ‘ಶ್ರೀತತ್ತ್ವನಿಧಿ’ಯ ಕೌತುಕನಿಧಿಯಲ್ಲಿ ವಿವರಿಸಿದ ಆಟಗಳಲ್ಲಿ 360 ಎಲೆಗಳದ್ದೂ ಇದೆ. ಯಾವ ಎಲೆ ಹೋಯಿತು, ಯಾವುದು ಉಳಿಯಿತು ಎಂಬ ಲೆಕ್ಕ ತಪ್ಪಿದವರು ಗಂಜೀಫದಲ್ಲಿ ಉಳಿಯುವಂತಿರಲಿಲ್ಲ. ಪರಸಿಯ ಮೇಲಿನ ಕತ್ತೆ ಆಟ ಆ ಶಿಸ್ತನ್ನೇ ಸಣ್ಣ ಅಳತೆಯಲ್ಲಿ, ಅಂಗಡಿಯಲ್ಲಿ ಅಗ್ಗಕ್ಕೆ ಸಿಗುವ ಒಂದು ಕಟ್ಟಿನಲ್ಲಿ ಮಕ್ಕಳ ಕೈಗೆ ಕೊಡುತ್ತದೆ.

ಈಗ ಕಲಿಸುವ ರೀತಿಗೆ ಬರೋಣ. ಹೊಸದಾಗಿ ಕೂತ ಮಗುವಿನ ಕೈ ನೋಡಿ. 13 ಎಲೆಗಳನ್ನು ಬೀಸಣಿಗೆಯಂತೆ ಹರಡಿ ಹಿಡಿಯಲು ಆ ಬೆರಳುಗಳಿಗೆ ಆಗುವುದಿಲ್ಲ. ಎರಡು ಎಲೆ ತೊಡೆಯ ಮೇಲೆ ಬೀಳುತ್ತವೆ, ಎತ್ತಿಕೊಳ್ಳುವಾಗ ಪಕ್ಕದವರಿಗೆ ಕಾಣುತ್ತವೆ. ಕ್ಲಾವರ್, ಇಸ್ಪೀಟ್ ಎರಡೂ ಕಪ್ಪು, ಬೇರೆ ಮಾಡಿ ಜೋಡಿಸಲು ಹೊತ್ತು ಬೇಕು. ಅಷ್ಟರಲ್ಲಿ ಸುತ್ತಲಿನಿಂದ ಕೂಗು ಬರುತ್ತದೆ: “ಏನ್ ಯೋಚ್ನಿ ಮಾಡ್ಲಕತ್ತಿ, ಲಗೂ ಒಗಿ!” ಮಗು ಗಾಬರಿಯಾಗಿ ಸಿಕ್ಕ ಎಲೆ ಒಗೆಯುತ್ತದೆ. ಆಮೇಲೆ ಆ ಸುತ್ತಿನ ಜಾತಿಯ ಎಲೆ ಅದರ ಕೈಯಲ್ಲಿ ಕಂಡರೆ ಮೋಸದ ಆರೋಪ. ಇಲ್ಲದಿದ್ದರೆ ಕಾಕಾ ಕೈ ಚಾಚಿ, “ತಾ ಇಲ್ಲಿ” ಎಂದು ತಾವೇ ಒಂದು ಎಲೆ ಕಿತ್ತು ಒಗೆದುಬಿಡುತ್ತಾರೆ. ಪ್ರೀತಿಯಿಂದ ಮಾಡಿದ ಈ ಸಹಾಯವೇ ದೊಡ್ಡ ಕೇಡು. ಆ ಎಲೆ ಯಾಕೆ ಹೋಯಿತೆಂದು ಮಗುವಿಗೆ ತಿಳಿಯಲಿಲ್ಲ, ಆದರೆ ಎತ್ತಿಕೊಳ್ಳುವ ಹೊರೆ ಅದರ ಪಾಲಿಗೇ ಬಂತು. ಇನ್ನು ಕೆಲವರು ಮಗು ಅಳಬಾರದೆಂದು ಬೇಕಂತಲೇ ಸೋಲುತ್ತಾರೆ. ಮಕ್ಕಳಿಗೆ ಅದು ಗೊತ್ತಾಗುತ್ತದೆ, ಗೊತ್ತಾದ ಮೇಲೆ ನಿಜವಾದ ಗೆಲುವಿನ ಮೇಲೂ ಅವಕ್ಕೆ ನಂಬಿಕೆ ಹೋಗುತ್ತದೆ.

ಕಲಿಸಲು ಒಳ್ಳೆಯ ಕ್ರಮವೊಂದಿದೆ. ಎರಡರಿಂದ ಆರರವರೆಗಿನ ಎಲೆಗಳನ್ನು ತೆಗೆದಿಡಿ, ಉಳಿಯುವುದು 32. ನಾಲ್ಕು ಜನಕ್ಕೆ ಎಂಟೆಂಟು ಎಲೆ, ಸಣ್ಣ ಕೈಗೂ ಹಿಡಿಯುತ್ತದೆ. ಒಂದು ಜಾತಿ ಎರಡು ಪೂರಾ ಸುತ್ತಿಗೆ ಮುಗಿದುಹೋಗುವುದರಿಂದ ಲೆಕ್ಕವೂ ಸುಲಭ. ಮೊದಲು ಎಲ್ಲರೂ ಎಲೆಗಳನ್ನು ಪರಸಿಯ ಮೇಲೆ ತೆರೆದಿಟ್ಟು ಆಡಬೇಕು, ಪ್ರತಿ ಎಲೆಯ ಹಿಂದಿನ ಯೋಚನೆಯನ್ನು ಬಾಯಿಬಿಟ್ಟು ಹೇಳಬೇಕು. ಆಮೇಲೆ ಎಲೆ ಮುಚ್ಚಿ, ಆದರೆ ನಿಧಾನವಾಗಿ ಆಡಬೇಕು. ಸುತ್ತು ಮುಗಿದ ಮೇಲೆ “ಗುಲಾಮ ಯಾರ ಹತ್ರ ಹೋತು?” ಎಂದು ಕೇಳಬೇಕು. ಮಗು ಸರಿಯಾಗಿ ಉತ್ತರ ಹೇಳತೊಡಗಿದ ಮೇಲೆ 52 ಎಲೆ ಹಂಚಿ. ಎಲ್ಲಕ್ಕೂ ಕೊನೆಯಲ್ಲಿ ಬಿರುಸು. ಯಾವ ಎಲೆ ಹಾಕಬೇಕೆಂದು ಮೊದಲೇ ಗೊತ್ತಿರುವವರು ತಾವಾಗಿ ಬೇಗ ಆಡುತ್ತಾರೆ, ಅವರನ್ನು ಯಾರೂ ಅವಸರಪಡಿಸಬೇಕಿಲ್ಲ.

ಆಟಕ್ಕೂ ತನ್ನದೇ ದೋಷಗಳಿವೆ. ಮೊದಲು ಕೈ ಖಾಲಿ ಮಾಡಿದವರು ಉಳಿದವರ ಆಟ ಮುಗಿಯುವ ತನಕ ಸುಮ್ಮನೆ ಕೂಡಬೇಕು. ಕೊನೆಗೆ ಇಬ್ಬರೇ ಉಳಿದರೆ ಹೊಡೆಯುವುದು, ಎತ್ತುವುದು ಬಹಳ ಹೊತ್ತು ಎಳೆಯುತ್ತದೆ. ಕೊನೆಯ ಎಲೆಯೇ ಸುತ್ತಿನ ದೊಡ್ಡ ಎಲೆಯಾದರೆ ಆ ಆಟಗಾರ ಹೊರಗೆ ಹೋದನೋ ಇಲ್ಲವೋ ಎಂಬುದಕ್ಕೆ ಮನೆಗೊಂದು ನಿಯಮ. ರಜೆಯಲ್ಲಿ ನಾಲ್ಕು ಊರಿನ ಮಕ್ಕಳು ಸೇರಿದಾಗ ಜಗಳ ಏಳುವುದು ಹೆಚ್ಚಾಗಿ ಇಲ್ಲಿಯೇ. ಎಲೆ ಹಂಚುವ ಮೊದಲೇ ಇದನ್ನು ತೀರ್ಮಾನಿಸಿಕೊಳ್ಳುವುದು ಒಳ್ಳೆಯದು. ಎಲ್ಲಕ್ಕಿಂತ ದೊಡ್ಡ ಕೊರತೆ ಸೋತವರ ಪಾಡು. “ಕತ್ತಿ ಆದಿ” ಎಂದು ಒಮ್ಮೆ ನಕ್ಕರೆ ಅದು ಆಟ. ಮೂರು ಸಲ ಸತತ ಸೋತ ಮಗುವನ್ನು ಕತ್ತೆಯಂತೆ ಕೂಗಿಸಿ, ಇಡೀ ದಿನ ಅದೇ ಹೆಸರು ಹಿಡಿದು ಕರೆದರೆ ಆ ಮಗು ಮರುದಿನ ಪಡಸಾಲೆಗೆ ಬರುವುದಿಲ್ಲ. ಸೋತವರು ಎಲೆ ಕಲಸಿ ಹಂಚುವ ಪದ್ಧತಿ ಹೇಗೂ ಇದೆ. ಶಿಕ್ಷೆ ಅಷ್ಟೇ ಸಾಕು.

ಬೇರೆ ಆಟಗಳ ಪಕ್ಕದಲ್ಲಿಟ್ಟು ನೋಡಿದರೆ ಕತ್ತೆಯ ಜಾಗ ಸ್ಪಷ್ಟವಾಗುತ್ತದೆ. ನಾಲ್ಕು ಹತ್ತುಗಳಿಗಾಗಿ ಜೋಡಿಯಾಗಿ ಹೋರಾಡುವ ಮೆಂಡಿಕೋಟ್ ಹೆಚ್ಚು ಗಂಭೀರ, ಜೊತೆಗಾರನನ್ನು ನಂಬುವುದನ್ನು ಕಲಿಸುತ್ತದೆ. ಆದರೆ ಜನ ಲೆಕ್ಕಕ್ಕೆ ಸರಿಯಾಗಿ ನಾಲ್ಕೇ ಇರಬೇಕು. ಬದಾಮ್ ಏಳರಿಂದ ಶುರುವಾಗುವ ಸತ್ತೆ ಪೆ ಸತ್ತಾ ಸಣ್ಣ ಮಕ್ಕಳಿಗೆ ಅಂಕಿಗಳ ಸಾಲು ಕಲಿಸಲು ಚಂದ, ನೆನಪಿಗೆ ಅಲ್ಲಿ ಕೆಲಸ ಕಡಿಮೆ. ಪೇಟೆಯ ಮಕ್ಕಳು ಚೀಲದಲ್ಲಿ ಇಟ್ಟುಕೊಂಡು ಬರುವ ಯೂನೋ ಕೂಡ ಒಳ್ಳೆಯ ಆಟ. 1971ರಲ್ಲಿ ಅಮೆರಿಕದ ಓಹಾಯೊದ ಕ್ಷೌರಿಕ ಮರ್ಲ್ ರಾಬಿನ್ಸ್ ತನ್ನ ಮನೆಮಂದಿಗಾಗಿ ರೂಪಿಸಿದ ಆಟವದು. ಆರು ವರ್ಷದ ಮಗುವೂ ದೊಡ್ಡವರ ಸಮಕ್ಕೆ ಕೂತು ಗೆಲ್ಲಬಹುದು, ಅದು ಸಣ್ಣ ಗುಣವಲ್ಲ. ಆದರೆ ಯೂನೋದಲ್ಲಿ ನಾಲ್ಕು ಎಲೆ ಎತ್ತಿಕೊಳ್ಳುವ ದಂಡ ಎಲೆಯ ಮೇಲೆಯೇ ಅಚ್ಚಾಗಿದೆ, ಅದು ಕೈಗೆ ಬಂದವರು ಪಕ್ಕದವರ ಮೇಲೆ ಹಾಕುತ್ತಾರೆ. ಕತ್ತೆಯಲ್ಲಿ ದಂಡದ ಎಲೆ ಎಂದು ಬೇರೆ ಇಲ್ಲ. ಯಾರೋ ಎಣಿಸಿದ್ದರಿಂದ, ಯಾರೋ ಮರೆತದ್ದರಿಂದ ದಂಡ ಹುಟ್ಟುತ್ತದೆ. ಸೋತವರು ಎಲ್ಲಿ ತಪ್ಪಿದೆನೆಂದು ಹಿಂದಿರುಗಿ ನೋಡಬಹುದು, ಮುಂದಿನ ಸಲ ತಿದ್ದಿಕೊಳ್ಳಬಹುದು.

ಎಲೆಯಾಟವೆಂದರೆ ಹಾಳಾಗುವ ದಾರಿ ಎಂಬ ಭಯ ಈ ಭಾಗದ ತಾಯಂದಿರಲ್ಲಿ ಬಲವಾಗಿದೆ. ಅದಕ್ಕೆ ಕಾರಣವೂ ಇದೆ. ಹೊಲದ ಬದುವಿನಲ್ಲಿ, ಊರ ಹೊರಗಿನ ಗುಡಿಯ ಹಿಂದೆ ಅಂದರ್ ಬಾಹರ್ ಆಡಿ ತೊಗರಿ, ಹತ್ತಿಯ ದುಡ್ಡು ಕಳೆದುಕೊಂಡವರನ್ನು ಎಲ್ಲರೂ ಕಂಡಿದ್ದಾರೆ. ಈಚೆಗೆ ಆ ಜೂಜು ಮೊಬೈಲಿಗೂ ಬಂತು, 2025ರ ಆಗಸ್ಟಿನಲ್ಲಿ ಸಂಸತ್ತು ಕಾನೂನು ತಂದು ದುಡ್ಡಿನ ಆನ್‌ಲೈನ್ ಆಟಗಳನ್ನು ನಿಷೇಧಿಸಿತು. ಹಾಗೆಂದು ಮನೆಯ ಕಟ್ಟನ್ನು ಅಟ್ಟಕ್ಕೆ ಏರಿಸುವುದು ಸರಿಯಾದ ಉತ್ತರವಲ್ಲ. ಬದುವಿನ ಆಟದಲ್ಲಿ ಗಂಡಸರು ಮಾತ್ರ ಇರುತ್ತಾರೆ, ದುಡ್ಡಿದ್ದವರಿಗೆ ಮಾತ್ರ ಜಾಗ. ಪಡಸಾಲೆಯ ಆಟದಲ್ಲಿ ಶಾಲೆಯ ಮೆಟ್ಟಿಲು ಹತ್ತದ ಆಯಿ ಇಂಜಿನಿಯರ್ ಮೊಮ್ಮಗನನ್ನು ಸೋಲಿಸುತ್ತಾಳೆ, ಎರಡು ಜಡೆಯ ಹುಡುಗಿ ಕಾಕಾನ ರಾಜನನ್ನು ಹಿಡಿಯುತ್ತಾಳೆ. ಇಂಥ ಸಮಾನತೆ ನಮ್ಮ ಮನೆಗಳಲ್ಲಿ ಬೇರೆಲ್ಲಿಯೂ ಇಷ್ಟು ಸುಲಭಕ್ಕೆ ಸಿಗುವುದಿಲ್ಲ.

ಆದ್ದರಿಂದ ನನ್ನ ತೀರ್ಮಾನ ಇದು. ಕತ್ತೆ ಆಟವನ್ನು ಮಕ್ಕಳಿಗೆ ಕಲಿಸಬೇಕು, ಚದುರಂಗಕ್ಕೆ ಕೊಡುವ ಗೌರವ ಕೊಟ್ಟು ಕಲಿಸಬೇಕು. ಒಂದು ರೂಪಾಯಿಯೂ ನಡುವೆ ಇಳಿಯಬಾರದು, ಸೋತವರ ಮೇಲೆ ಹೆಸರು ಉಳಿಯಬಾರದು, ಮಗುವಿನ ಕೈಯಿಂದ ಎಲೆ ಕಿತ್ತು ಯಾರೂ ಒಗೆಯಬಾರದು. ಕೂತ ಜಾಗದಿಂದಲೇ ನಾಲ್ಕು ಜನರ ಕೈಯಲ್ಲಿ ಏನಿದೆಯೆಂದು ಲೆಕ್ಕ ಹಾಕಬಲ್ಲ ಹುಡುಗ, ಹುಡುಗಿಯರು ನಾಳೆ ಬದುವಿನ ಅಂದರ್ ಬಾಹರ್‌ನಲ್ಲಿ ಲೆಕ್ಕಕ್ಕೆ ಜಾಗವೇ ಇಲ್ಲವೆಂಬುದನ್ನು ತಾವೇ ಕಾಣುತ್ತಾರೆ. ಆ ತಿಳಿವಳಿಕೆ ಬರುವಷ್ಟು ಕಾಲ ಅವರ ಪಕ್ಕ ಕೂತು ನಿಧಾನವಾಗಿ ಆಡುವುದು ಹಿರಿಯರ ಕೆಲಸ.